ಮೇಲಿನ ಮನೆಗೆ ಕೇಳಿಸಿದ್ದು

"ಸಾರ್, ಹನ್ನೊಂದು ಗಂಟೆಗೆ ಕೆಳಗೆ ಬನ್ನಿ, ಒಟ್ಟಿಗೆ ಕಾಫಿ ಕುಡಿಯೋಣ. ನಿಮ್ಮ ಟ್ರೇಲರ್ ನೋಡ್ದೆ," ಎಂದು ಹೇಳಿ ಕೆಂಪರಾಜು ಫೋನ್ ಇಟ್ಟ ಮೇಲೂ ನಚಿಕೇತ ತನ್ನ ಫೋನನ್ನು ಕಿವಿಯಿಂದ ತೆಗೆಯಲಿಲ್ಲ. ಆ ಕಡೆ ಏನೂ ಇರಲಿಲ್ಲ. ಆದರೂ ಮಾತಿನ ಕೊನೆಗೆ ಒಂದು ಉಸಿರೋ ನಗುವೋ ಉಳಿದಿದ್ದರೆ ಈ ಮನುಷ್ಯ ಎಷ್ಟು ತಿಳಿದುಕೊಂಡಿದ್ದಾನೆ ಎಂದಾದರೂ ಗೊತ್ತಾದೀತು ಎಂದು ಕೇಳುತ್ತಾ ನಿಂತ. ಇಟ್ಟಮಡುವಿನ ಈ ಮನೆಯ ಮೊದಲ ಮಹಡಿಗೆ ಬಾಡಿಗೆಗೆ ಬಂದು ಮೂರು ವರ್ಷವಾಗಿತ್ತು. ಕೆಳಗೆ ಓನರ್ ಕೆಂಪರಾಜು. ಅಪ್ಪನ ಕಾಲದಲ್ಲಿ ಸೊಪ್ಪು ಬೆಳೆಯುತ್ತಿದ್ದ ಜಾಗದಲ್ಲಿ ಮೂರು ಬಿಲ್ಡಿಂಗು ಎಬ್ಬಿಸಿ, ಮೇನ್ ರೋಡಿನಲ್ಲಿ ಹಾರ್ಡ್‌ವೇರ್ ಅಂಗಡಿ ಇಟ್ಟುಕೊಂಡವನು. ಗೇಟಿನ ಹತ್ತಿರ ಸಿಕ್ಕರೆ ಕೈಮುಗಿಯುತ್ತಿದ್ದ. ಹೋದ ವರ್ಷ ರಾಜ್ಯೋತ್ಸವದ ಪೆಂಡಾಲಿನಲ್ಲಿ ನಚಿಕೇತನನ್ನು ವೇದಿಕೆಗೆ ಕರೆದು ಶಾಲು ಹೊದಿಸಿ, ಪೇಟ ಇಟ್ಟು, "ನಮ್ಮ ಬಿಲ್ಡಿಂಗಿನ ಸಾಹಿತಿಗಳು" ಎಂದು ಮೈಕಿನಲ್ಲಿ ಹೇಳಿದ್ದ. ಆದರೆ ಮನೆಯೊಳಗೆ ಕರೆದಿರಲಿಲ್ಲ. ಯಾರನ್ನೂ ಕರೆಯುತ್ತಿರಲಿಲ್ಲ. ಈಗ ಹತ್ತೂಕಾಲು. ಪಾತ್ರವನ್ನು ಮುಕ್ಕಾಲು ಗಂಟೆ ಸುಮ್ಮನೆ ಕಾಯಿಸಿ ನೋಡಿ, ತಾನೇ ಬಿಚ್ಚಿಕೊಳ್ಳುತ್ತದೆ ಎಂದು ಜಯನಗರದ ಚಿತ್ರಕಥೆ ಶಿಬಿರದಲ್ಲಿ ಮಕ್ಕಳಿಗೆ ಪಾಠ ಹೇಳಿದವನು ಇವನೇ. ಈಗ ಕಾಯುವ ಪಾತ್ರ ತಾನೇ ಆಗಿದ್ದ.

ಟ್ರೇಲರ್ ಬಂದದ್ದು ಶುಕ್ರವಾರ. ಎಂಟು ಕಂತಿನ ವೆಬ್ ಸೀರೀಸು. ಕಥೆ, ಚಿತ್ರಕಥೆ, ಸಂಭಾಷಣೆ ಮೂರೂ ಅವನದೇ. ಊರಿಗೆಲ್ಲ ಒಳ್ಳೆಯವನಾದ ಗಂಡನೊಬ್ಬ ಮನೆಯೊಳಗೆ ಹೆಂಡತಿಯನ್ನು ಇಷ್ಟಿಷ್ಟಾಗಿ ಹೆದರಿಸುವ ಕಥೆ. ಎರಡು ನಿಮಿಷದ ಟ್ರೇಲರಿನ ಕೊನೆಗೆ ಸಂಗೀತವೆಲ್ಲ ನಿಂತು ನಾಯಕಿಯ ಮುಖ ಮಾತ್ರ ಉಳಿಯುತ್ತದೆ. ಅವಳು ಮೆಲ್ಲಗೆ, "ಚಿಲಕ ನೀವೇ ಹಾಕ್ಕೊಳ್ಳಿ. ನನ್ನ ಕೈಲಿ ಹಾಕಿಸ್ಬೇಡಿ," ಎನ್ನುತ್ತಾಳೆ. "ಗುರು, ಇಡೀ ಸೀರೀಸು ಈ ಒಂದು ಲೈನ್ ಮೇಲೆ ನಿಂತಿದೆ," ಎಂದು ಡೈರೆಕ್ಟರ್ ಎಡಿಟಿಂಗ್ ರೂಮಿನಲ್ಲಿ ಅವನ ಬೆನ್ನು ತಟ್ಟಿದ್ದ. ಶನಿವಾರ ಸಂಜೆಯ ಹೊತ್ತಿಗೆ ಆ ಮಾತು ಊರ ಬಾಯಿಗೆ ಬಿದ್ದಿತ್ತು. ಯಾರೋ ಗಂಡ ಹೆಂಡತಿ ಅದನ್ನು ತಮಾಷೆಯ ರೀಲ್ ಮಾಡಿದ್ದರು. ಗಂಡ ಫ್ರಿಜ್ಜಿನಿಂದ ಐಸ್‌ಕ್ರೀಮ್ ಕದ್ದು ಸಿಕ್ಕಿಬೀಳುತ್ತಾನೆ, ಹೆಂಡತಿ ಲಟ್ಟಣಿಗೆ ಹಿಡಿದು ನಿಂತಿದ್ದಾಳೆ, ಗಂಡ ನಡುಗುತ್ತಾ ಆ ಮಾತು ಹೇಳುತ್ತಾನೆ. ಅದನ್ನು ನೋಡಿ ಇನ್ನೊಬ್ಬರು, ಅವರನ್ನು ನೋಡಿ ಮತ್ತೊಬ್ಬರು. ನಚಿಕೇತ ನಿನ್ನೆ ಕೂತು ಅಂಥ ನಲವತ್ತು ರೀಲ್ ನೋಡಿದ್ದ. ಮೊದಮೊದಲು ಖುಷಿಯಾಗಿತ್ತು, ಸುಳ್ಳೇಕೆ ಹೇಳಬೇಕು. ಇಷ್ಟೊಂದು ಜನರ ಫೋನಿನಲ್ಲಿ ಇರುವುದು ಕೆಳಗಿನ ಮನೆಯ ಫೋನಿಗೂ ಬರುತ್ತದೆ ಎಂದು ಹೊಳೆದದ್ದು ನಲವತ್ತೊಂದನೆಯದನ್ನು ತೆರೆದಾಗ. ಅದು ಮುಗಿಯುವವರೆಗೂ ಅವನ ಕಣ್ಣು ಏನನ್ನೂ ನೋಡಲಿಲ್ಲ.

ಆ ಮಾತು ಅವನದಲ್ಲ. ಕೆಂಪರಾಜುವಿನ ಹೆಂಡತಿ ಮಧುಶ್ರೀಯದು. ಕೆಳಗಿನ ಬಚ್ಚಲುಮನೆಗೂ ಮೇಲಿನದಕ್ಕೂ ನಡುವೆ ಪೈಪುಗಳು ಇಳಿಯುವ ಡಕ್ಟ್ ಇತ್ತು, ಎರಡೂ ಬಚ್ಚಲಿನ ಗಾಳಿಕಿಂಡಿ ಅದಕ್ಕೇ ತೆರೆದುಕೊಳ್ಳುತ್ತಿತ್ತು. ಮನೆಗೆ ಬಂದ ಎರಡನೇ ವಾರ, ಬೆಳಿಗ್ಗೆ ಎಂಟೂವರೆಗೆ, ಬಾಯಿ ತುಂಬ ಪೇಸ್ಟಿನ ನೊರೆ ಇಟ್ಟುಕೊಂಡು ನಿಂತಿದ್ದಾಗ ಮೊದಲ ಸಲ ಕೇಳಿಸಿತು. ಕೆಂಪರಾಜು ಅಂಗಡಿಗೆ ಹೊರಡುವ ಮುನ್ನ ಹೆಂಡತಿಯನ್ನು ಬಚ್ಚಲಿಗೆ ಕರೆಯುತ್ತಿದ್ದ. ಬೀದಿಗೆ ಸದ್ದು ಹೋಗಬಾರದಲ್ಲ. ಒಳಗೆ ಬಂದವಳು ತಾನೇ ತಿರುಗಿ ಬಾಗಿಲಿನ ಚಿಲಕ ಹಾಕಬೇಕಿತ್ತು. ಅದು ಅವನ ಶಿಸ್ತು. ನಿನ್ನೆ ಯಾರ ಜೊತೆ ಮಾತಾಡಿದೆ, ಏನು ಮಾತಾಡಿದೆ, ಅವನು ನಕ್ಕನಾ, ನೀನು ನಕ್ಕೆಯಾ. ಆಮೇಲೆ ಒದ್ದೆ ಬಟ್ಟೆ ಒಗೆದ ಹಾಗೆ ಸದ್ದು. ನಚಿಕೇತ ಬಾಯಿಯ ನೊರೆಯನ್ನು ಉಗಿಯದೆ ಕೊನೆಯವರೆಗೂ ನಿಂತಿದ್ದ. ಉಗಿದರೆ ಮಾತು ತಪ್ಪಿಹೋಗುತ್ತಿತ್ತು. ಹೊರಗೆ ಬಂದು ಫೋನಿನಲ್ಲಿ ತಾರೀಖು, ಗಂಟೆ ಹಾಕಿ ಬರೆದುಕೊಂಡ. ಒಂದಕ್ಷರ ತಿದ್ದಲಿಲ್ಲ. ಬೇರೆಯವರ ಮಾತನ್ನು ತಿದ್ದಬಾರದು ಎನ್ನುವುದು ಅವನ ಕಸುಬಿನ ನಿಯಮ, ಅವನ ಸಂಭಾಷಣೆಯನ್ನು ಜನ ಹೊಗಳುವುದೂ ಅದಕ್ಕೇ. "ಇಷ್ಟು ಕತ್ತಲೆ ಎಲ್ಲಿಂದ ತರ್ತೀರಾ ಸಾರ್?" ಎಂದು ಸಂದರ್ಶನದಲ್ಲಿ ಯಾರೋ ಕೇಳಿದಾಗ ಎದೆ ಮುಟ್ಟಿಕೊಂಡು "ಇಲ್ಲಿಂದ" ಎಂದಿದ್ದ. ಚಪ್ಪಾಳೆ ಬಿದ್ದಿತ್ತು. ಮೂರು ವರ್ಷದಲ್ಲಿ ಫೋನಿನ ಆ ಪುಟ ಉದ್ದಕ್ಕೆ ಬೆಳೆದಿತ್ತು. ಚಿಲಕದ ಮಾತಿನಲ್ಲಿ ಮಾತ್ರ ಒಂದು ಬದಲಾವಣೆ ಮಾಡಿದ್ದ: ಮಧುಶ್ರೀ ಅದನ್ನು ಗಟ್ಟಿಯಾಗಿ ಹೇಳಿದ್ದಳು, ಇವನು ಮೆಲ್ಲಗೆ ಹೇಳಿಸಿದ.

ಅವನಿಗೆ ಹದಿನಾಲ್ಕು ವರ್ಷವಾಗಿದ್ದಾಗ ಶಾಲೆಯ ಮ್ಯಾಗಜೀನಿನಲ್ಲಿ ಬಂದ ಕಥೆಯನ್ನು ಸೀತಮ್ಮತ್ತೆ ಓದಿದ್ದರು. ಬಸವನಗುಡಿಯ ಅಡುಗೆಮನೆಯಲ್ಲಿ ಆಕೆ ಅಮ್ಮನ ಮುಂದೆ ಹೇಳಿಕೊಂಡು ಅತ್ತದ್ದನ್ನು ಇವನು ಹಿಟ್ಟಿನ ಡಬ್ಬದ ಹಿಂದೆ ಕೂತು ಕೇಳಿ ಹಾಗೇ ಬರೆದಿದ್ದ, ಹೆಸರನ್ನಷ್ಟೇ ಬದಲಿಸಿ. ಓದಿ ಮುಗಿಸಿ ಕನ್ನಡಕ ತೆಗೆದು, "ಚೆನ್ನಾಗಿದೆ ಕಣೋ ಮರಿ," ಎಂದರು. ಆಮೇಲೆ ಸಾಯುವ ತನಕ ಇವನು ಕೋಣೆಗೆ ಬಂದರೆ ಮಾತು ನಿಲ್ಲಿಸಿ ಬಿಸಿಲಿನ ಬಗ್ಗೆ, ಹುರುಳಿಕಾಯಿಯ ಬಗ್ಗೆ ಮಾತಾಡುತ್ತಿದ್ದರು. ಮನೆಯವರೆಲ್ಲ ಹಾಗೇ ಆದರು. ಇವನು ಬಂದರೆ ಹುರುಳಿಕಾಯಿ. ಆ ಕಥೆಗೆ ಸಿಕ್ಕ ಬಹುಮಾನದ ಸ್ಟೀಲ್ ಲೋಟ ಮಾತ್ರ ಷೋಕೇಸಿನಲ್ಲಿ ಇತ್ತು. ಬಚ್ಚಲಿನಿಂದ ನೀರು ತೊಟ್ಟಿಕ್ಕುವ ಸದ್ದು ಬಂದು ನಚಿಕೇತ ಬೆಚ್ಚಿಬಿದ್ದ. ನಲ್ಲಿಯನ್ನು ತಾನೇ ಸರಿಯಾಗಿ ನಿಲ್ಲಿಸಿರಲಿಲ್ಲ. ಎದ್ದು ಹೋಗಿ ನಿಲ್ಲಿಸಿ, ಗಾಳಿಕಿಂಡಿಯ ಕಡೆ ಮುಖ ಎತ್ತಿದ. ಭಾನುವಾರ ಅಂಗಡಿ ರಜೆ. ಕೆಳಗೆ ಏನೂ ಕೇಳಿಸಲಿಲ್ಲ. ಏನೂ ಕೇಳಿಸದ್ದಕ್ಕೆ ಅವನಿಗೆ ಇನ್ನೂ ಹೆದರಿಕೆಯಾಯಿತು.

ಅರ್ಪಿತ ಊಟದ ಮೇಜಿನ ಮೇಲೆ ಶಾಲೆಯ ಉತ್ತರ ಪತ್ರಿಕೆ ಹರಡಿಕೊಂಡು ಕೂತಿದ್ದಳು. ಶುಕ್ರವಾರದಿಂದ ಗಂಡನ ಜೊತೆ ಬೇಕಾದಷ್ಟೇ ಮಾತು. ಅಂದು ಟ್ರೇಲರ್ ನೋಡಿ ಮುಗಿಸಿ ಅವಳು ಒಂದೇ ಮಾತು ಹೇಳಿದ್ದಳು: "ಅದು ಅವಳ ಮಾತು." ಇವನು ಕೇಳಿದಷ್ಟನ್ನು ಅವಳೂ ಕೇಳಿದ್ದಳು. ಬಂದ ಹೊಸದರಲ್ಲಿ "ಪೊಲೀಸ್‌ಗೆ ಹೇಳೋಣ್ವಾ?" ಎಂದು ಕೇಳಿದವಳು ಅವಳೇ. "ಗಂಡ ಹೆಂಡ್ತಿ ವಿಷ್ಯ, ನಾಳೆ ಇಬ್ರೂ ಒಂದಾಗಿ ನಮ್ಮನ್ನ ಮನೆ ಖಾಲಿ ಮಾಡಿಸ್ತಾರೆ," ಎಂದವನು ಇವನು. ಅಲ್ಲಿಂದಾಚೆಗೆ ಅವಳು ಎಂಟೂವರೆಗೆ ಬಚ್ಚಲಿನ ಎಕ್ಸಾಸ್ಟ್ ಫ್ಯಾನ್ ಹಾಕುತ್ತಿದ್ದಳು, ಇವನು ಒಳಗೆ ಹೋದಾಗ ಅದನ್ನು ಆರಿಸುತ್ತಿದ್ದ. ಇಬ್ಬರಿಗೂ ಗೊತ್ತಿತ್ತು, ಇಬ್ಬರೂ ಆ ವಿಷಯ ಎತ್ತಿರಲಿಲ್ಲ.

"ಕೆಂಪರಾಜು ಕರ್ದಿದ್ದಾನೆ," ಎಂದ ನಚಿಕೇತ. "ಟ್ರೇಲರ್ ನೋಡಿದ್ನಂತೆ."

ಅರ್ಪಿತಳ ಕೆಂಪು ಪೆನ್ನು ನಿಂತಿತು. "ಅವನ ತಲೇಲಿ ಈಗ ಏನಿರುತ್ತೆ ಗೊತ್ತಾ ನಚಿ? ಪ್ರತಿ ಶುಕ್ರವಾರ ಮಧು ಮೇಲೆ ಬಂದು ನಂಗೆ ಹೂವು ಕೊಟ್ಟು ಹೋಗ್ತಾಳಲ್ಲ, ಆಗ ಇದನ್ನೆಲ್ಲ ಹೇಳ್ಕೊಂಡಿದ್ದಾಳೆ ಅಂತ. ಅವಳು ಇವತ್ತಿನವರೆಗೂ ಬಾಯಿ ಬಿಟ್ಟಿಲ್ಲ. ಕನಕಾಂಬರ ಎಷ್ಟು ಮೊಳ ಅನ್ನೋದು ಬಿಟ್ಟು ಇನ್ನೇನೂ ಮಾತಾಡಿಲ್ಲ."

"ಕಾಕತಾಳೀಯ ಅಂತ ಹೇಳ್ತೀನಿ. ಡೈರೆಕ್ಟರ್ ಬರ್ದಿದ್ದು ಅಂತ ಹೇಳ್ತೀನಿ."

"ಯಾರು ನಂಬ್ತಾರೆ? ಅವಳನ್ನ ಉಳಿಸೋಕೆ ಒಂದೇ ದಾರಿ. ಅವಳು ಹೇಳಿಲ್ಲ, ನಾನು ಕದ್ದು ಕೇಳಿಸ್ಕೊಂಡೆ ಅಂತ ಹೇಳು. ನಿಜ ಅದೇ ತಾನೆ? ನಾನೂ ಬರ್ತೀನಿ."

"ಬೇಡ," ಎಂದ. ಹೆಂಡತಿಯ ಎದುರು ಆ ಮಾತು ಹೇಳಬೇಕಾಗುತ್ತದೆ ಎಂದು ಭಯವಾಯಿತು. ಹೇಳದೆ ಬಂದರೆ ಅದನ್ನು ಅವಳು ನೋಡುತ್ತಾಳೆ ಎಂದು ಅದಕ್ಕಿಂತ ಭಯವಾಯಿತು. ಅರ್ಪಿತ ಅವನ ಮುಖವನ್ನು ಒಂದು ಗಳಿಗೆ ನೋಡಿ ಮುಂದಿನ ಉತ್ತರ ಪತ್ರಿಕೆ ಎತ್ತಿಕೊಂಡಳು.

ಹನ್ನೊಂದಕ್ಕೆ ಮೂರು ನಿಮಿಷವಿದ್ದಾಗ ಮೆಟ್ಟಿಲು ಇಳಿದ. ಹದಿನೆಂಟು ಮೆಟ್ಟಿಲು. ಒಂದೊಂದು ಮೆಟ್ಟಿಲಿಗೂ ಒಂದೊಂದು ದೃಶ್ಯ ಬರೆದು ಹರಿದುಹಾಕಿದ. ಒಂದರಲ್ಲಿ ಅವನು ಧೈರ್ಯವಾಗಿ ಸತ್ಯ ಹೇಳುತ್ತಾನೆ, ಕೆಂಪರಾಜು ಕುಸಿದು ಕೂರುತ್ತಾನೆ. ಅದು ತೀರಾ ನಾಟಕ. ಇನ್ನೊಂದರಲ್ಲಿ ಕೆಂಪರಾಜು ಕತ್ತಿನ ಪಟ್ಟಿ ಹಿಡಿಯುತ್ತಾನೆ. ಇವನು ನಲವತ್ತಾರು ವರ್ಷದಲ್ಲಿ ಒಂದು ಸಲವೂ ಯಾರ ಕೈಲೂ ಹೊಡೆಸಿಕೊಂಡವನಲ್ಲ. ಹೊಡೆತ ಹೇಗಿರುತ್ತದೆಂದು ನಾಲ್ಕು ಪುಸ್ತಕ ಬರೆದವನಿಗೆ ಹೊಡೆತ ಹೇಗಿರುತ್ತದೆಂದು ಗೊತ್ತಿರಲಿಲ್ಲ. ಮತ್ತೊಂದರಲ್ಲಿ ಕೆಂಪರಾಜುವಿಗೆ ಏನೂ ಗೊತ್ತೇ ಇಲ್ಲ, ಮಗನ ಸೀಟಿಗೆ ಯಾರದೋ ಶಿಫಾರಸು ಕೇಳಲು ಕರೆದಿದ್ದಾನೆ, ಅಷ್ಟರಲ್ಲಿ ಇವನೇ ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿಕೊಂಡಂತೆ ಎಲ್ಲ ಬಾಯಿಬಿಟ್ಟುಬಿಡುತ್ತಾನೆ. ಕೆಂಪರಾಜುವಿಗೆ ಮಕ್ಕಳಿಲ್ಲ ಎನ್ನುವುದು ಕೊನೆಯ ಮೆಟ್ಟಿಲಲ್ಲಿ ನೆನಪಾಯಿತು. ಅಂಗಳದಲ್ಲಿ ರಂಗೋಲಿ ಅಚ್ಚುಕಟ್ಟಾಗಿತ್ತು. ಒಂದು ಎಳೆಯೂ ತಪ್ಪಿರಲಿಲ್ಲ.

"ಬನ್ನಿ ಸಾರ್, ಬನ್ನಿ ಬನ್ನಿ. ಚಪ್ಲಿ ಅಲ್ಲೇ ಬಿಡಿ." ಕೆಂಪರಾಜು ಇಸ್ತ್ರಿ ಮಾಡಿದ ಬಿಳಿ ಅಂಗಿಯಲ್ಲಿದ್ದ. ಹಣೆಗೆ ಕುಂಕುಮ. ಸೋಫಾದ ಮೇಲಿನ ದಿಂಬನ್ನು ತಾನೇ ತೆಗೆದು ಜಾಗ ಮಾಡಿದ. ಗೋಡೆಯ ಅರ್ಧಕ್ಕೆ ಟೀವಿ. ಮಧುಶ್ರೀ ಕಾಫಿ ತಂದಳು. ನಲವತ್ತು ದಾಟಿದ, ಸಣಕಲು ಮೈಯ ಹೆಂಗಸು. ಉದ್ದ ತೋಳಿನ ರವಿಕೆ. ಮೂರು ವರ್ಷ ಆಕೆಯ ದನಿಯನ್ನು ಅಷ್ಟು ಹತ್ತಿರದಿಂದ ಕೇಳಿದ್ದ ನಚಿಕೇತ ಆಕೆಯ ಮುಖವನ್ನು ಇಷ್ಟು ಹತ್ತಿರದಿಂದ ನೋಡಿದ್ದು ಇದೇ ಮೊದಲು. ತನ್ನ ನಾಯಕಿಗೆ ಇಂಥ ಸಾಧಾರಣ ಮುಖ ಕೊಟ್ಟಿರಲಿಲ್ಲವಲ್ಲ ಎನಿಸಿ, ಅನಿಸಿದ್ದಕ್ಕೆ ನಾಚಿಕೆಯಾಯಿತು.

"ನೀನೂ ಕೂತ್ಕೊ ಮಧು. ಸಾರ್ ನಮ್ಮ ಮನೆಯೋರೇ. ಮೊದ್ಲು ಹೋಗಿ ಬಾಗ್ಲು ಹಾಕು, ರೋಡಿನ ಧೂಳು. ಚಿಲಕ ಹಾಕು."

ಮಧುಶ್ರೀ ಹೋಗಿ ಬಾಗಿಲು ಮುಚ್ಚಿ, ಮೇಲಿನ ಚಿಲಕ ಹಾಕಿ, ಬಂದು ಕುರ್ಚಿಯ ತುದಿಯಲ್ಲಿ ಕೂತಳು. ಅವಳ ಮುಖದಲ್ಲಿ ಏನೂ ಇರಲಿಲ್ಲ. ಟೀವಿಯಲ್ಲಿ ಟ್ರೇಲರ್ ಶುರುವಾಯಿತು. ಅಷ್ಟು ದೊಡ್ಡ ಪರದೆಯ ಮೇಲೆ ಎಲ್ಲವೂ ಸುಳ್ಳಾಗಿ ಕಾಣುತ್ತಿತ್ತು: ಸೆಟ್ ಹಾಕಿದ ಬಚ್ಚಲು, ಮೇಕಪ್ಪಿನ ಗಾಯ, ಅವನ ಹೆಸರು. ನಾಯಕಿ ಆ ಮಾತು ಹೇಳಿದ ಕೂಡಲೇ ಕೆಂಪರಾಜು ರಿಮೋಟ್ ಒತ್ತಿ ಅವಳ ಮುಖವನ್ನು ಹಾಗೇ ನಿಲ್ಲಿಸಿದ.

"ಸಖತ್ ಡೈಲಾಗು ಸಾರ್. ಅಂಗಡಿ ಹುಡುಗ್ರು ನಿನ್ನೆಯಿಂದ ಇದನ್ನೇ ಹೇಳ್ಕೊಂಡು ನಗ್ತಾವ್ರೆ. ಎಲ್ಲಿಂದ ಬಂತು ಇದು?"

ನಚಿಕೇತ ಲೋಟವನ್ನು ಕೆಳಗಿಟ್ಟ. ಸತ್ಯ ನಾಲಗೆಯ ತುದಿಯಲ್ಲೇ ಇತ್ತು, ಅವನು ಪ್ರಮಾಣ ಮಾಡಿ ಹೇಳಬಲ್ಲ. ಆದರೆ ಕೆಂಪರಾಜುವಿನ ಕೈ ರಿಮೋಟಿನ ಮೇಲೆ ಎಷ್ಟು ಸಮಾಧಾನವಾಗಿ ಕೂತಿತ್ತೆಂದರೆ, ಆ ಬೆರಳುಗಳನ್ನು ನೋಡುತ್ತಾ ನೋಡುತ್ತಾ ಬಾಯಿಂದ ಬೇರೆಯೇ ಮಾತು ಬಂತು. "ಕಲ್ಪನೆ ಸಾರ್. ಬರೆಯೋರಿಗೆ ಹಾಗೆ, ಎಲ್ಲಿಂದಲೋ ಬಂದುಬಿಡುತ್ತೆ."

"ಕಲ್ಪನೆ." ಕೆಂಪರಾಜು ತಲೆಯಾಡಿಸಿದ. "ಇವ್ಳು ಶುಕ್ರವಾರ ಶುಕ್ರವಾರ ನಿಮ್ಮನೇಗೆ ಬರ್ತಾಳಲ್ಲ, ಏನ್ ಮಾತಾಡ್ತಾಳೆ?"

"ಹೂವು ಕೊಟ್ಟು ಹೋಗ್ತಾರೆ. ಅಷ್ಟೇ."

"ನಾನು ಯಾರ್ ಹತ್ರಾನೂ ಏನೂ ಹೇಳಿಲ್ಲ ರೀ," ಎಂದಳು ಮಧುಶ್ರೀ. ಕೇಳಿದವರಿಗೆ ಉತ್ತರ ಹೇಳುವ ದನಿ ಅದಲ್ಲ, ಮುಂದೆ ಆಗುವುದಕ್ಕೆ ಈಗಲೇ ಮೈ ಒಡ್ಡಿದ ದನಿ. ನಚಿಕೇತನಿಗೆ ಅದರ ಏರಿಳಿತ ಬಾಯಿಪಾಠವಾಗಿತ್ತು.

"ಆಯ್ತು ಬಿಡಿ ಸಾರ್," ಎಂದ ಕೆಂಪರಾಜು ನಗುತ್ತಾ. "ನಿಮಗ್ಯಾಕೆ ತೊಂದ್ರೆ, ನೀವು ದೊಡ್ಡೋರು. ಕಾಫಿ ಕುಡ್ದು ಹೋಗಿ. ನಾನು ಇವ್ಳನ್ನೇ ಕೇಳ್ಕೋತೀನಿ."

ಈಗ ಎದ್ದು ಹೊರಟರೆ, ಎಂದುಕೊಂಡ ನಚಿಕೇತ. ಎದ್ದು ಹೊರಟು ಮೇಲೆ ಹೋದರೆ ಅರ್ಪಿತ ಎಕ್ಸಾಸ್ಟ್ ಫ್ಯಾನ್ ಹಾಕುತ್ತಾಳೆ. ತಾನು ಅದನ್ನು ಆರಿಸುತ್ತೇನೆ. ಆರಿಸುತ್ತೇನೆ ಎನ್ನುವುದರಲ್ಲಿ ಅವನಿಗೆ ಒಂದಿಷ್ಟೂ ಅನುಮಾನ ಇರಲಿಲ್ಲ. ಕೆಂಪರಾಜುವಿನ ಕೈಗಿಂತ ತನ್ನ ಕೈಗೆ ಹೆದರಿ ಅವನು ಮಾತಾಡಿದ.

"ಅವರು ಹೇಳಿಲ್ಲ. ನನಗೇ ಕೇಳಿಸಿದ್ದು. ಡಕ್ಟ್‌ನಿಂದ ನಮ್ಮ ಬಚ್ಚಲಿಗೆ ಎಲ್ಲಾ ಕೇಳಿಸುತ್ತೆ."

ಕೆಂಪರಾಜು ರಿಮೋಟನ್ನು ನೋಡಿದ. "ಎಷ್ಟ್ ದಿನದಿಂದ?"

"ಬಂದಾಗಿಂದ. ಮೂರು ವರ್ಷ. ಎಲ್ಲಾ ಬರ್ಕೊಂಡಿದ್ದೀನಿ. ತಾರೀಖು, ಗಂಟೆ, ನೀವು ಅಂದಿದ್ದು, ಅವರು ಅಂದಿದ್ದು. ಇನ್ನೂರು ದಿನಕ್ಕೂ ಮೇಲಿದೆ. ಫೋನಲ್ಲಿದೆ."

ಮೊದಲ ಸಲ ಆ ಮುಖದ ಬಣ್ಣ ಇಳಿಯಿತು. ರಾಜ್ಯೋತ್ಸವದ ಮೈಕು, ಪೆಂಡಾಲು, ಅಂಗಡಿ, ಬೀದಿಯ ನಮಸ್ಕಾರಗಳೆಲ್ಲ ಒಂದೊಂದಾಗಿ ಆ ಕಣ್ಣಿನಲ್ಲಿ ಉರುಳಿಹೋಗುತ್ತಿರುವುದನ್ನು ನಚಿಕೇತ ಕಂಡ. ಎದ್ದು ನಿಂತ ಕೆಂಪರಾಜುವಿಗೆ ಮುಂದೆ ಏನು ಮಾಡಬೇಕೆಂದು ತಿಳಿಯಲಿಲ್ಲ. ದೃಶ್ಯ ಚೆನ್ನಾಗಿ ಬಂತು ಎಂದು ನಚಿಕೇತನಿಗೆ ಅನಿಸಿತು. ನಿಜಕ್ಕೂ ಅನಿಸಿತು. ಎದೆ ಉಬ್ಬಿತು. ಧನ್ಯವಾದದ ನೋಟವೊಂದು ಅಲ್ಲಿ ಕಾದಿರುತ್ತದೆ ಎಂದು ಅವನು ಮಧುಶ್ರೀಯ ಕಡೆ ತಿರುಗಿದ.

"ಮೇಲಕ್ಕೆ ಕೇಳಿಸ್ತಿತ್ತಾ ಸಾರ್?" ಎಂದಳು ಅವಳು.

ನಚಿಕೇತ ತಲೆಯಾಡಿಸಿದ.

"ಕೇಳಿಸಲ್ಲ ಅಂದ್ಕೊಂಡಿದ್ದೆ. ನಾನು ಬೇಕು ಅಂತಾನೇ ಆ ಕಿಂಡಿ ಕಡೆ ತಿರುಗಿ ಗಟ್ಟಿಯಾಗಿ ಹೇಳ್ತಿದ್ದೆ. ಮೇಲೆ ಓದಿದೋರು ಇದ್ದಾರೆ, ಒಂದಿನ ಬಂದು ಬೆಲ್ ಒತ್ತುತಾರೆ ಅಂತ. ಯಾರೂ ಬರ್ಲಿಲ್ಲ." ಅವಳು ಅವನ ಕಡೆ ತಿರುಗಿದಳು. ಕೋಪವಿರಲಿಲ್ಲ; ಬಹಳ ದಿನದಿಂದ ತಪ್ಪಾಗಿ ಬರುತ್ತಿದ್ದ ಲೆಕ್ಕ ಸರಿಹೋದವರ ಹಾಗೆ ನೋಡಿದಳು. "ಪಾಪ, ಸದ್ದು ಅಲ್ಲಿ ತನಕ ಹೋಗಲ್ಲವೇನೋ, ಅವರದ್ದೇನು ತಪ್ಪು ಅಂತ ಸಮಾಧಾನ ಮಾಡ್ಕೊಂಡಿದ್ದೆ ಸಾರ್."

ಮಧುಶ್ರೀ ಎದ್ದು ಹೋಗಿ ಬಾಗಿಲಿನ ಚಿಲಕ ತೆಗೆದು, ಎರಡೂ ಕದಗಳನ್ನು ಗೋಡೆಗೆ ತಾಗುವಷ್ಟು ಅಗಲವಾಗಿ ತೆರೆದಳು. ಬಿಸಿಲು ಒಳಗೆ ಬಂತು. ಗಂಡ "ಮಧು" ಎಂದದ್ದು ಅವಳಿಗೆ ಕೇಳಿಸಿದಂತೆ ಕಾಣಲಿಲ್ಲ. ನೇರ ಬಂದು ನಚಿಕೇತನ ಮುಂದೆ ನಿಂತು ಕೈ ಚಾಚಿದಳು.

"ಅದನ್ನ ಕೊಡಿ ಸಾರ್."

"ಏನನ್ನ?"

"ಬರ್ಕೊಂಡಿದ್ದೀನಿ ಅಂದ್ರಲ್ಲ. ಅದೆಲ್ಲಾ ನಂದು. ನಾನು ಸ್ಟೇಷನ್‌ಗೆ ಹೋಗ್ಬೇಕು. ಕೊಡಿ."

ನಚಿಕೇತ ಜೇಬಿಗೆ ಕೈ ಹಾಕಿ ಫೋನ್ ಹಿಡಿದ. ಹಿಡಿದವನು ತೆಗೆಯಲಿಲ್ಲ. ಅದರಲ್ಲಿ ಇನ್ನೂ ಬಳಸದ ಎಷ್ಟೋ ಇತ್ತು, ಮುಂದಿನ ಸೀಸನ್ನಿಗೆ ಬೇಕಾದದ್ದೆಲ್ಲ ಇತ್ತು. ಬೇಡ, ಹೇಳಬೇಡ ಎಂದು ತನ್ನೊಳಗೆ ಯಾರೋ ಕೂಗಿದ್ದು ಅವನಿಗೆ ಸ್ಪಷ್ಟವಾಗಿ ಕೇಳಿಸಿತು.

"ಕೊಡ್ತೀನಮ್ಮ," ಎಂದ. "ಒಂದು ಕಾಪಿ ಇಟ್ಕೊಂಡು ಕೊಡ್ತೀನಿ."

ಅಷ್ಟು ಹೊತ್ತೂ ಮುಖ ಬಿಳಿಚಿಕೊಂಡು ನಿಂತಿದ್ದ ಕೆಂಪರಾಜು ಆಗ ನಕ್ಕ. ಜೋರಾಗಿ ಅಲ್ಲ. ಹಳೆಯ ಗೆಳೆಯನನ್ನು ಸಂತೆಯಲ್ಲಿ ಗುರುತು ಹಿಡಿದವನ ಹಾಗೆ ನಕ್ಕು, ಬಂದು ಅವನ ಪಕ್ಕದಲ್ಲಿ ಕೂತುಕೊಂಡ.